ಉಚಿತ ಕಾನೂನು ನೆರವು: ಹಸಲರ ಕೇರಿಯ ಅನುಭವ
ಶಿವಮೊಗ್ಗ ಜಿಲ್ಲೆಯ ತಾಲ್ಲೂಕೊಂದರ ಉಚಿತ ಕಾನೂನು ನೆರವು ಕೇಂದ್ರಕ್ಕೆ ಪರಿಶಿಷ್ಟ ಪಂಗಡವಾದ ಹಸಲರ ಕೇರಿಯ ಅಜ್ಜಿಯೊಬ್ಬರೊಂದಿಗೆ, ಅವರ ಅರಣ್ಯ ಹಕ್ಕಿನ ಅರ್ಜಿಗಾಗಿ, ಮೂರು ಬಾರಿ ಹೋಗಿದ್ದೇನೆ. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯಂತೆ ಪರಿಶಿಷ್ಟ ಪಂಗಡದವರಿಗೆ ಇಲ್ಲಿ ಆದಾಯದ ಮಿತಿಯಿಲ್ಲ. ಒಂದು ರೂಪಾಯಿಯನ್ನೂ ಕೇಳಲಿಲ್ಲ. ನನಗೆ ಬಹಳ ಮೆಚ್ಚುಗೆಯಾದದ್ದು ವಕೀಲೆಯ ತಾಳ್ಮೆ. 2006ರ ಅರಣ್ಯ ಹಕ್ಕು ಕಾಯ್ದೆಯ ನಿಯಮಗಳು ಸಮಾಧಿ, ದೇವರ ಬನದಂಥ ಹಳೆಯ ಕುರುಹುಗಳನ್ನೂ ಸಾಕ್ಷ್ಯವೆಂದು ಒಪ್ಪುತ್ತವೆಯಾದ್ದರಿಂದ, ಅವರು ಅಜ್ಜಿಯ ಪಕ್ಕದಲ್ಲೇ ಕುಳಿತು, ಪೂರ್ವಿಕರ ಸಮಾಧಿ, ದೇವರ ಬನ, ಸೀಗೆ ಕೊಯ್ಯುತ್ತಿದ್ದ ಹಳ್ಳದ ದಂಡೆ ಎಲ್ಲವನ್ನೂ ಅಜ್ಜಿಯ ಮಾತಿನಲ್ಲೇ ಬರೆದುಕೊಂಡರು. ಗುಮಾಸ್ತರು ಕರಡಿನಲ್ಲಿ ‘ಒತ್ತುವರಿದಾರರು’ ಎಂದು ಬರೆದದ್ದು ಮಾತ್ರ ನೋವು ತಂದಿತು. ವಕೀಲೆ ಅದನ್ನು ಹೊಡೆದುಹಾಕಿ ‘ಹಕ್ಕುದಾರರು’ ಎಂದು ತಿದ್ದಿದರು. ಅರ್ಜಿ ಮೊದಲು ಗ್ರಾಮಸಭೆಗೇ ಹೋಗಬೇಕೆಂಬುದನ್ನು ಮೊದಲ ದಿನವೇ ತಿಳಿಸಿದ್ದರೆ ಎರಡು ದಿನದ ಕೂಲಿ ಉಳಿಯುತ್ತಿತ್ತು.