ದುಗ್ಗಪ್ಪನಿಗಾಗಿ ಕಟ್ಟಿದ ಒಂದು ವರ್ಷದ ಚಂದಾ

ಮೊದಲೇ ಹೇಳಿಬಿಡ್ತೀನಿ, ಇದು ಹೀರೋ ಮುಖ ನೋಡೋಕೆ ದುಡ್ಡು ಕಟ್ಟಿದವರ ರಿವ್ಯೂ ಅಲ್ಲ. ಕೊರಿಯನ್ ಧಾರಾವಾಹಿಗಳ ಈ ಆಪ್‌ಗೆ ನಾನು ಒಂದು ವರ್ಷದ ಚಂದಾ ಕಟ್ಟಿದ್ದು ಒಬ್ಬ ಪೋಷಕ ನಟನಿಗೋಸ್ಕರ. ಹೆಸರು ಇಮ್ ಹ್ಯುನ್-ಸಿಕ್. ನಮ್ಮಮ್ಮನ ಬಾಯಲ್ಲಿ ದುಗ್ಗಪ್ಪ. ಆಪ್ ಹೆಸರು ಬೇಡ, ಇನ್ನೂ ನಾಲ್ಕು ತಿಂಗಳು ಅದರಲ್ಲೇ ನೋಡಬೇಕು, ಸುಮ್ನೆ ಜಗಳ ಯಾಕೆ.

ಶುರುವಾಗಿದ್ದು ಹೀಗೆ. ಅಮ್ಮ ಮಂಡಿ ಆಪರೇಷನ್ ಆಗಿ ತ್ಯಾಗರಾಜನಗರದ ನಮ್ಮ ಮನೆಯಲ್ಲಿ ಮಲಗಿದ್ದರು. ಕನ್ನಡ ಸೀರಿಯಲ್ ಅತ್ತೆ-ಸೊಸೆ ನೋಡಿ ನೋಡಿ ಬೇಜಾರಾಗಿತ್ತು. ಯಾವುದೋ ಕಾಲದಲ್ಲಿ ದೂರದರ್ಶನದಲ್ಲಿ ಹಿಂದಿಗೆ ಡಬ್ ಆಗಿ ಬರುತ್ತಿದ್ದ ಅರಮನೆ ಅಡುಗೆಯ ಧಾರಾವಾಹಿ ನೆನಪಿದೆಯಾ ಅಂತ ಕೇಳಿದೆ. ಅದೇ, 'ಡೇ ಜಾಂಗ್ ಗುಮ್'. 2003ರಲ್ಲಿ ಎಂಬಿಸಿ ಚಾನೆಲ್‌ನಲ್ಲಿ ಶುರುವಾಗಿ 2004ರಲ್ಲಿ ಮುಗಿದದ್ದು, ಒಟ್ಟು 54 ಕಂತು, ಒಂದೊಂದೂ ಸುಮಾರು ಒಂದು ಗಂಟೆ. ನಾಯಕಿ ಲೀ ಯಂಗ್-ಏ, ಅನಾಥ ಹುಡುಗಿ ಅರಮನೆ ಅಡುಗೆಮನೆ ಸೇರಿ ಕೊನೆಗೆ ರಾಜವೈದ್ಯೆ ಆಗುವ ಕಥೆ. ನಿರ್ದೇಶನ ಲೀ ಬ್ಯುಂಗ್-ಹೂನ್ ಅವರದು, ಕೊರಿಯಾದಲ್ಲಿ ಚಾರಿತ್ರಿಕ ಧಾರಾವಾಹಿ ಅಂದರೆ ಮೊದಲು ನೆನಪಾಗುವ ಹೆಸರುಗಳಲ್ಲಿ ಅದೂ ಒಂದು. ಆಪ್‌ನಲ್ಲಿ ಅಷ್ಟೂ ಕಂತು ಇವೆ, ಮಧ್ಯೆ ಒಂದೂ ಕಳೆದುಹೋಗಿಲ್ಲ. ಇದಕ್ಕೆ ಪೂರ್ತಿ ಮಾರ್ಕ್ಸ್ ಕೊಡಬೇಕು, ಯಾಕಂದ್ರೆ ಬೇರೆ ಕಡೆ ಹುಡುಕಿದರೆ 17ನೇ ಕಂತು ಇರುತ್ತೆ, 18 ಇರಲ್ಲ.

ದೊಕ್-ಗು ಅನ್ನೋದು ಆ ಹುಡುಗಿಯನ್ನು ಸಾಕಿದವನ ಹೆಸರು. ಅಮ್ಮನ ನಾಲಗೆಗೆ ಅದು ದುಗ್ಗಪ್ಪ ಆಯ್ತು. ಅರಮನೆಯ ಗಂಡಸರ ಸಾಲಿನ ಅಡುಗೆಭಟ್ಟ, ಮನೆಯಲ್ಲಿ ಹೆಂಡತಿ ಜೊತೆ ಸೇರಿ ಹೆಂಡ ಮಾಡಿ ಮಾರುತ್ತಾನೆ, ಆ ಹೆಂಡತಿಗೋ ಕಾಸು ಕಂಡರೆ ಪ್ರಾಣ. ಹೆಂಡತಿಯ ಪಾತ್ರದಲ್ಲಿ ಗುಮ್ ಬೋ-ರಾ. ಇವರಿಬ್ಬರೂ ಫ್ರೇಮಿಗೆ ಬಂದರೆ ಅಮ್ಮ ದಿಂಬಿಗೆ ಒರಗಿದವರು ಎದ್ದು ಕೂರೋರು. ಅರಮನೆಯ ಪಿತೂರಿ, ವಿಷ, ಗಡೀಪಾರು ಎಲ್ಲ ನೋಡಿ ಎದೆ ಭಾರ ಆಗಿರುವಾಗ ಈ ಮನುಷ್ಯ ಬಾಯಿ ಅರ್ಧ ತೆರೆದು, ಕಣ್ಣು ಪಿಳಿಪಿಳಿ ಬಿಟ್ಟುಕೊಂಡು, ಹೆಂಡತಿ ಬೈಗುಳದ ಕೆಳಗೆ ತಲೆ ತಗ್ಗಿಸಿ ನುಸುಳಿಕೊಂಡು ಹೋಗುತ್ತಾನೆ. ರಾಜಕುಮಾರ್ ಸಿನಿಮಾಗಳಲ್ಲಿ ಬಾಲಣ್ಣ, ನರಸಿಂಹರಾಜು ಬಂದಾಗ ಥಿಯೇಟರ್ ಹಗುರ ಆಗೋದು ಅಂತಾರಲ್ಲ, ಅದೇ ಥರ.

ಆದರೆ ಬರೀ ನಗಿಸೋಕೆ ಇಟ್ಟುಕೊಂಡವನಲ್ಲ. ಒಂದು ಕಡೆ ದೊಕ್-ಗು ಮಾಡಿದ ಅಡುಗೆ ತಿಂದು ಚಿಕ್ಕ ರಾಜಕುಮಾರ ಬಿದ್ದುಬಿಡುತ್ತಾನೆ, ಇವನನ್ನು ಹಿಡಿದು ಒಳಗೆ ಹಾಕುತ್ತಾರೆ. ಆವರೆಗೂ ನಗಿಸುತ್ತಿದ್ದ ಮುಖ ಅದೇ, ಬಾಯಿ ಅದೇ ಅರ್ಧ ತೆರೆದಿದೆ, ಆದರೆ ಈಗ ಅದನ್ನು ನೋಡಿದರೆ ಹೊಟ್ಟೆ ಚುರುಕ್ ಅನ್ನುತ್ತೆ. ನಟ ಬೇರೆ ಏನೂ ಮಾಡಿಲ್ಲ! ಜಿನ್ಸೆಂಗ್ ಮತ್ತು ಜಾಕಾಯಿ ಎಣ್ಣೆ ಒಟ್ಟಿಗೆ ಹೊಟ್ಟೆಗೆ ಹೋಗಿದ್ದೇ ಕಾರಣ ಅಂತ ಆಮೇಲೆ ಗೊತ್ತಾಗುತ್ತದೆ, ಅದನ್ನು ಕಂಡುಹಿಡಿಯೋಕೆ ನಾಯಕಿ ಜಾಂಗ್-ಗುಮ್ ತಾನೇ ತಿಂದು ನೋಡುತ್ತಾಳೆ. ಅಮ್ಮ ಅದಕ್ಕೆ ಮೊದಲೇ ತೀರ್ಪು ಕೊಟ್ಟಾಗಿತ್ತು: "ಜಾಕಾಯಿ ಜಾಸ್ತಿ ಆಗಿರುತ್ತೆ ಕಣೇ. ನಿಂಗೆ ಮಗೂಲಿ ಒಂದೇ ಸುತ್ತು ತೇಯ್ದು ಹಾಕ್ತಿದ್ದೆ, ಎರಡು ಸುತ್ತು ಹಾಕಿದ್ರೆ ನಿಮ್ಮಜ್ಜಿ ಬೈಯೋರು."

ಅಲ್ಲಿಂದ ನನಗೆ ಹುಚ್ಚು ಹಿಡಿಯಿತು. ಇವನು ಇನ್ಯಾವುದರಲ್ಲಿ ಇದ್ದಾನೆ ಅಂತ ಆಪ್‌ನಲ್ಲಿ ಹೆಸರು ಹಾಕಿ ಹುಡುಕಿದೆ. ಬಂದದ್ದು ಬಿಟಿಒಬಿ ಅನ್ನೋ ಪಾಪ್ ತಂಡದ ಹುಡುಗ! ಹೆಸರು ಒಂದೇ, ಇಮ್ ಹ್ಯುನ್-ಸಿಕ್, ಆದರೆ ಆ ಹುಡುಗ ಹುಟ್ಟಿದ್ದು 1992ರಲ್ಲಿ, ನಮ್ಮ ದುಗ್ಗಪ್ಪ 1945ರಲ್ಲಿ. ಸ್ಪೆಲ್ಲಿಂಗ್ ಕೂಡ ಒಂದು ಗೋಳು, ಅದೇ ಮನೆತನದ ಹೆಸರನ್ನು ಇಮ್ ಅಂತಲೂ ಬರೆಯುತ್ತಾರೆ, ಲಿಮ್ ಅಂತಲೂ, ಯಿಮ್ ಅಂತಲೂ ಬರೆಯುತ್ತಾರೆ. ಮೂರೂ ಹಾಕಿ ನೋಡಿದೆ. ಮೂರಕ್ಕೂ ಪಾಪ್ ಹುಡುಗನೇ ಬಂದ. 'ಡೇ ಜಾಂಗ್ ಗುಮ್' ಪುಟ ತೆಗೆದರೆ ನಟರ ಪಟ್ಟಿಯಲ್ಲಿ ನಾಲ್ಕೇ ಹೆಸರು, ಇವನದಿಲ್ಲ. ಮುದುಕಿ ಸಾಂಗುಂಗ್ (ಅರಮನೆಯ ಹಿರಿಯ ಪರಿಚಾರಿಕೆ) ಆಗಿ ಅಷ್ಟು ಚೆನ್ನಾಗಿ ಮಾಡಿದ ಯೋ ಉನ್-ಗ್ಯೆ ಅವರದೂ ಇಲ್ಲ. ಆಕೆ 2009ರಲ್ಲಿ ತೀರಿಕೊಂಡರು. ಅಡುಗೆಗೆ ಏನು ಹಾಕಿದೆ ಅಂತ ಪುಟ್ಟ ಹುಡುಗಿಯರನ್ನು ಕೇಳಿ, ಉತ್ತರ ಬಂದಾಗ ಮುಖ ಸಡಿಲಿಸುವ ಆಕೆಯ ಒಂದು ನೋಟಕ್ಕೆ ನಾನು ಆ ಕಂತನ್ನು ಮೂರು ಸಲ ನೋಡಿದ್ದೇನೆ.

ಸರಿ, ಕೊನೆಯಲ್ಲಿ ಹೆಸರು ಓಡುತ್ತಲ್ಲ, ಅದನ್ನಾದರೂ ನೋಡೋಣ ಅಂದರೆ ಅದಕ್ಕೂ ಬಿಡಲ್ಲ. ಕಂತು ಮುಗಿದು ಹಾಡು ಶುರುವಾಗಿ ಹೆಸರುಗಳು ಮೇಲಕ್ಕೆ ಹೋಗೋಕೆ ಆರಂಭಿಸಿದ ತಕ್ಷಣ ಚಿತ್ರ ಕುಗ್ಗಿ ಮೂಲೆಗೆ ಹೋಗುತ್ತದೆ, 'ಮುಂದಿನ ಕಂತು 5 ಸೆಕೆಂಡಿನಲ್ಲಿ'. ರಿಮೋಟ್ ಹುಡುಕೋದರೊಳಗೆ ಹಾರಿಹೋಯಿತು. ಪೋಷಕ ನಟರ ಹೆಸರು ಇರೋದೇ ಅಲ್ಲಿ. ನಾಯಕಿ ಹೆಸರು ಪೋಸ್ಟರ್ ಮೇಲೇ ಇದೆ, ಅವಳಿಗೇನು ನಷ್ಟ. ಸೆಟ್ಟಿಂಗ್ಸ್‌ನಲ್ಲಿ ಆಫ್ ಮಾಡಿದರೆ ಫೋನಿನಲ್ಲಿ ನಿಲ್ಲುತ್ತದೆ, ಟಿವಿಯಲ್ಲಿ ನಿಲ್ಲಲ್ಲ. ಕಸ್ಟಮರ್ ಕೇರ್‌ಗೆ ಬರೆದರೆ ಯಂತ್ರದಂಥ ಉತ್ತರ ಬಂತು: ಆಪ್ ತೆಗೆದು ಮತ್ತೆ ಹಾಕಿ. ತೆಗೆದೆ, ಹಾಕಿದೆ. ಅಮ್ಮ ನೋಡಿದ್ದ 31 ಕಂತುಗಳ ಲೆಕ್ಕ ಹೋಯ್ತು, ಮತ್ತೆ ಒಂದನೇ ಕಂತಿನಿಂದ ಶುರು ಮಾಡಿಕೊಂಡಿತು.

ಕೊನೆಗೆ ಬೇರೆ ಕಡೆ ಓದಿ, ಒಂದೊಂದೇ ಧಾರಾವಾಹಿಯ ಹೆಸರು ಹಾಕಿ ಹುಡುಕಿದೆ. ಈ ಮನುಷ್ಯ 1969ರಲ್ಲಿ ಎಂಬಿಸಿ ಚಾನೆಲ್ ಆರಿಸಿದ ಮೊದಲ ತಂಡದ ನಟರಲ್ಲಿ ಒಬ್ಬ. ಅಂದರೆ ದೊಕ್-ಗು ಆಗುವ ಹೊತ್ತಿಗೆ ಮೂವತ್ತು ವರ್ಷ ದಾಟಿದ ಸರ್ವೀಸು! ಅದಕ್ಕೂ ಮುಂಚೆ ಇದೇ ನಿರ್ದೇಶಕರ 'ಹೊ ಜುನ್' ಇದೆ, 1999-2000ರದು, 64 ಕಂತು. 1610ರಲ್ಲಿ 'ದೊಂಗ್‌ವಿ ಬೊಗಾಮ್' ಅನ್ನೋ ದೊಡ್ಡ ವೈದ್ಯಗ್ರಂಥ ಮುಗಿಸಿದ ಹೊ ಜುನ್ ಎಂಬ ವೈದ್ಯನ ಕಥೆ. ಕೊರಿಯಾದಲ್ಲಿ ಅದರ ರೇಟಿಂಗ್ ಒಂದು ಹಂತದಲ್ಲಿ 60% ದಾಟಿತ್ತು. ಅದರಲ್ಲಿ ಇವನು ಇಮ್ ಓ-ಗುನ್, ಹೊ ಜುನ್ ಜೊತೆಗಿರುವ ಸಣ್ಣ ವೈದ್ಯ. ರೋಗಿಗಳು ಮುಗಿಬೀಳುವಾಗ ಇವನು ಎತ್ತರದ ದನಿಯಲ್ಲಿ "ಸಾಲಾಗಿ ನಿಲ್ಲಿ!" ಅಂತ ಕೂಗುತ್ತಾನೆ, ಅಷ್ಟೇ ಮಾತು, ಅದು ಅಲ್ಲಿ ಮನೆಮಾತಾಯಿತು. ಆ ರಾಗ ಕೇಳಿದಾಗ ನನಗೆ ನೆನಪಾಗಿದ್ದು ಬೆಳಗ್ಗೆ ಬನಶಂಕರಿ ಬಸ್ಸಿನ ಕಂಡಕ್ಟರ್, "ಒಳಗಡೆ ಹೋಗ್ರೀ, ಒಳಗಡೆ ಖಾಲಿ ಇದೆ". ಮಾತು ಮಾಮೂಲಿ, ಅದನ್ನು ಎಳೆಯುವ ರೀತಿಯಲ್ಲಿ ಇಡೀ ಮನುಷ್ಯ ಇದ್ದಾನೆ.

ಇದನ್ನು ಆಪ್ ಹೇಗೆ ತೋರಿಸುತ್ತದೆ ಗೊತ್ತಾ? ಹಳೇ ಟಿವಿ ಕಾಲದ ಚೌಕ ಚಿತ್ರವನ್ನು ಅಗಲದ ಟಿವಿಗೆ ಎಳೆದು ಹಿಗ್ಗಿಸಿಬಿಟ್ಟಿದ್ದಾರೆ. ಎಲ್ಲರ ಮುಖವೂ ಚಪಾತಿ. ಕುದುರೆಗಳು ಹಸುವಿನಷ್ಟು ಅಗಲ. ಪಕ್ಕದಲ್ಲಿ ಕಪ್ಪು ಪಟ್ಟಿ ಇದ್ದರೆ ಇರಲಿ ಬಿಡ್ರಪ್ಪಾ, ಮುಖದಿಂದಲೇ ಬದುಕುವ ನಟನ ಮುಖವನ್ನಾದರೂ ಹಾಗೇ ಬಿಡಿ.

ಇನ್ನು ಸಬ್‌ಟೈಟಲ್. ಇಂಗ್ಲಿಷ್ ಒಂದೇ ಇದೆ. ಅಮ್ಮನಿಗೆ ಅಷ್ಟು ಬೇಗ ಓದೋಕಾಗಲ್ಲ, ಹಾಗಾಗಿ 54 ಕಂತಿಗೂ ನಾನೇ ಪಕ್ಕದಲ್ಲಿ ಕೂತು ಕನ್ನಡದಲ್ಲಿ ಹೇಳಿದ್ದೇನೆ, ಗಂಟಲು ಒಣಗಿ ಎಷ್ಟು ಲೋಟ ಮಜ್ಜಿಗೆ ಖಾಲಿಯಾಯಿತೋ. ಆಗ ಗೊತ್ತಾಗಿದ್ದು, ಇಂಗ್ಲಿಷಿನಲ್ಲಿ ಇವನ ಅರ್ಧ ನಟನೆ ಸೋರಿಹೋಗುತ್ತದೆ ಅಂತ. ಆ ಭಾಷೆಯಲ್ಲಿ ಯಾರಿಗೆ ಯಾವ ಮಾತು ಅನ್ನೋದು ಕ್ರಿಯಾಪದದ ಬಾಲದಲ್ಲೇ ಇರುತ್ತದೆ. ದೊಕ್-ಗು ಅರಮನೆಯ ಹೆಂಗಸಿನ ಮುಂದೆ ಬಗ್ಗಿ ಒಂದು ಥರ ಮಾತಾಡುತ್ತಾನೆ, ಹೆಂಡತಿ ಹತ್ತಿರ ಒಂದು ಥರ, ಸಾಕುಮಗಳ ಹತ್ತಿರ ಇನ್ನೊಂದು ಥರ. ಇಂಗ್ಲಿಷ್ ಸಬ್‌ಟೈಟಲ್‌ನಲ್ಲಿ ಮೂರಕ್ಕೂ ಒಂದೇ 'ಯೂ'. ನಮ್ಮಲ್ಲಿ ತಾವು, ನೀವು, ನೀನು ಮೂರೂ ಇದೆಯಲ್ಲ, ಹಳೇ ಮೈಸೂರು ಕಡೆಯ 'ಬುದ್ಧಿ' ಬೇರೆ ಇದೆ. ನಾನು ಹೇಳುವಾಗ ಅರಮನೆಯವರಿಗೆ "ಆಗಲಿ ಬುದ್ಧಿ", ಹೆಂಡತಿಗೆ "ಆಯ್ತು ಮಾರಾಯ್ತಿ", ಮಗುವಿಗೆ "ಬಾರೇ ಪುಟ್ಟಿ" ಅಂತ ಹೇಳಿದೆ, ಎಲ್ಲ ಸರಿಯಾಗಿ ಕೂತುಕೊಂಡಿತು. ಒಂದೇ ತೊಂದರೆ 'ಮಾಮಾ'. ರಾಜ, ರಾಣಿ ಇಬ್ಬರಿಗೂ ಕೊನೆಯಲ್ಲಿ ಮಾಮಾ ಅಂತ ಸೇರಿಸುತ್ತಾರೆ, ಅದು ಗೌರವದ ಮಾತು. ಅಮ್ಮನಿಗೆ ನಗು ತಡೆಯೋಕಾಗಲಿಲ್ಲ: "ರಾಣೀನೂ ಮಾಮಾನೇ, ರಾಜನೂ ಮಾಮಾನೇ, ಹಂಗಾದ್ರೆ ಅತ್ತೆ ಯಾರೇ?"

ಕನ್ನಡ ಸಬ್‌ಟೈಟಲ್ ಬರುತ್ತದಾ ಅಂತ ಕೇಳಿ ಬರೆದಿದ್ದೆ. 'ನಿಮ್ಮ ಸಲಹೆಗೆ ಧನ್ಯವಾದ'.

ಪಕ್ಕದ ಮನೆ ಹುಡುಗಿ, ಕಾಲೇಜಿಗೆ ಹೋಗೋಳು, ಹೊಸ ಕೊರಿಯನ್ ಧಾರಾವಾಹಿ ಎಲ್ಲ ಇದರಲ್ಲೇ ನೋಡುತ್ತಾಳೆ, ಅವಳಿಗೆ ಯಾವ ದೂರೂ ಇಲ್ಲ. ಅವಳು ಹೇಳಿದ್ದಕ್ಕೆ 2015ರ 'ಸಿಕ್ಸ್ ಫ್ಲೈಯಿಂಗ್ ಡ್ರ್ಯಾಗನ್ಸ್' ಕೂಡ ನೋಡಿದೆ. ಅಲ್ಲೂ ನನ್ನ ಕಣ್ಣು ಹೋಗಿದ್ದು ಪೋಷಕ ನಟನ ಮೇಲೆಯೇ, ಪಾರ್ಕ್ ಹ್ಯುಕ್-ಗ್ವನ್. ಕಣ್ಣಿಗೆ ಬಣ್ಣ ಬಳಿದುಕೊಂಡು, ನುಲಿಯುತ್ತಾ ಮಾತಾಡುವ ಗಿಲ್ ತೇ-ಮಿ ಅನ್ನೋ ಕತ್ತಿವೀರ. ನಗಬೇಕೋ ಹೆದರಬೇಕೋ ಗೊತ್ತಾಗಲ್ಲ. ಅದೇ ನಟ ಅವನ ಅವಳಿ ಅಣ್ಣನಾಗಿಯೂ, ಬಣ್ಣವಿಲ್ಲದ ಗಂಭೀರ ಮುಖದಲ್ಲಿ ಕಾಣಿಸುತ್ತಾನೆ, ಬೇರೆಯವನೇ ಅನ್ನಿಸುತ್ತಾನೆ. ಈ ಧಾರಾವಾಹಿಯ ಚಿತ್ರ, ಶಬ್ದ ಎಲ್ಲ ಕಣ್ಣು ಕುಕ್ಕುವಷ್ಟು ಚೆನ್ನಾಗಿದೆ. ಅಂದರೆ ಆಪ್‌ಗೆ ಮಾಡೋಕೆ ಬರುತ್ತದೆ, ಹಳೇದಕ್ಕೆ ಮಾಡಲ್ಲ ಅಷ್ಟೇ.

5ಕ್ಕೆ 3 ಕೊಡುತ್ತೇನೆ. ಎರಡೂವರೆ ಪೂರ್ತಿ ಕಂತುಗಳನ್ನು ಇಟ್ಟಿದ್ದಕ್ಕೆ, ಅರ್ಧ ದುಗ್ಗಪ್ಪನಿಗೆ. ತೆಗೆದುಕೊಳ್ಳೋರಿದ್ದರೆ ತಿಂಗಳ ಲೆಕ್ಕದಲ್ಲೇ ತೆಗೆದುಕೊಳ್ಳಿ, ತಾನಾಗೇ ದುಡ್ಡು ಕಟ್ ಆಗುವುದನ್ನು ಮೊದಲ ದಿನವೇ ಆಫ್ ಮಾಡಿ, ಆಮೇಲೆ ಆ ಬಟನ್ ಎಲ್ಲಿದೆ ಅಂತ ಹುಡುಕೋಕೆ ಒಂದು ಸಂಜೆ ಬೇಕು. ನಾನು ಆಫ್ ಮಾಡಿದ್ದೇನೆ. ಅಮ್ಮನಿಗೆ ಹೇಳಿಲ್ಲ. ಈಗ ಅವರು ಕೋಲಿಲ್ಲದೆ ಮನೆಯೊಳಗೆ ಓಡಾಡುತ್ತಾರೆ, ನಿನ್ನೆ ಅಡುಗೆಮನೆಯಿಂದಲೇ ಕೇಳಿದರು, "ದುಗ್ಗಪ್ಪನ ದುಡ್ಡು ಕಟ್ಟಿದ್ದೀ ತಾನೇ?"