ಹೊಕ್ಕುಳಿನ ಭಯವನ್ನು ಒಂದೇ ದಿನದಲ್ಲಿ ಬಿಡಿಸುತ್ತೇವೆ ಎನ್ನುವವರ ಬಗ್ಗೆ ಎಚ್ಚರವಿರಲಿ

ಹೊಕ್ಕುಳನ್ನು ಯಾರಾದರೂ ಮುಟ್ಟಿದರೆ ಗಂಟು ಬಿಚ್ಚಿಕೊಂಡು ಒಳಗಿನದೆಲ್ಲ ಹೊರಬಂದೀತೆಂಬ ಭಯ ನನಗೆ ಚಿಕ್ಕಂದಿನಿಂದಲೂ ಇದೆ. ಅದು ಹೊಕ್ಕುಳಬಳ್ಳಿ ಉದುರಿದ ಮೇಲೆ ಉಳಿದ ಕಲೆ, ಬಿಚ್ಚಿಕೊಳ್ಳಲು ಅಲ್ಲಿ ಗಂಟೇ ಇಲ್ಲವೆಂಬುದು ಗೊತ್ತಿದ್ದರೂ ಸೀರೆಯ ನೆರಿಗೆಯನ್ನು ಅದಕ್ಕಿಂತ ಮೇಲೆಯೇ ಸಿಕ್ಕಿಸುತ್ತೇನೆ, ಸ್ನಾನ ಮಾಡುವಾಗ ಅಲ್ಲಿಗೆ ಕೈ ತಾಗದಂತೆ ಬರೀ ನೀರು ಸುರಿದುಕೊಳ್ಳುತ್ತೇನೆ. ಹೇಗೋ ನಡೆಯುತ್ತಿತ್ತು. ಆದರೆ ಪಿತ್ತಕೋಶದಲ್ಲಿ ಕಲ್ಲು ಕಾಣಿಸಿಕೊಂಡು, ಲ್ಯಾಪರೋಸ್ಕೋಪಿಯ (ಸಣ್ಣ ರಂಧ್ರಗಳ ಮೂಲಕ ಮಾಡುವ ಶಸ್ತ್ರಚಿಕಿತ್ಸೆಯ) ಕ್ಯಾಮೆರಾ ಇಳಿಸಲು ಸಾಮಾನ್ಯವಾಗಿ ಹೊಕ್ಕುಳಿನ ಬಳಿಯೇ ಕೊಯ್ಯುತ್ತಾರೆಂದು ವೈದ್ಯರು ಹೇಳಿದ ಮೇಲೆ ಈ ಭಯಕ್ಕೆ ಚಿಕಿತ್ಸೆ ಹುಡುಕಲೇಬೇಕಾಯಿತು.

ಪರಿಚಿತರೊಬ್ಬರ ಮಾತಿನ ಮೇಲೆ ಬೆಂಗಳೂರಿನ ಒಬ್ಬ ‘ಸಂಮೋಹನ ತಜ್ಞ’ರ ಬಳಿಗೆ ಹೋದೆ. ಪೂರ್ತಿ ಹಣವನ್ನು ಮೊದಲೇ ಕಟ್ಟಿಸಿಕೊಂಡ ಅವರು, ಭಯ ಎಂದಿನಿಂದ ಇದೆ, ಯಾವುದಕ್ಕೆ ಹೆಚ್ಚುತ್ತದೆ ಎಂದು ಒಂದು ಮಾತನ್ನೂ ಕೇಳಲಿಲ್ಲ. ಮಲಗಿಸಿ, ಕಣ್ಣಿಗೆ ಬಟ್ಟೆ ಕಟ್ಟಿ, ಉಸಿರನ್ನು ಗಮನಿಸಿ ಎನ್ನುತ್ತಲೇ ಬೆಚ್ಚಗಿನ ಎಣ್ಣೆ ಸವರಿದ ಹೆಬ್ಬೆರಳನ್ನು ಹೊಕ್ಕುಳಿಗೆ ಒತ್ತಿದರು. ಕೈ ತೆಗೆಯಿರಿ ಎಂದು ಕೂಗಿಕೊಂಡರೆ, “ಭಯ ಹೊರಗೆ ಹೋಗ್ತಾ ಇದೆ, ಸ್ವಲ್ಪ ತಡ್ಕೊಳ್ಳಿ ಅಮ್ಮ” ಎಂದರು! ತಳ್ಳಿ ಎದ್ದು ಬಂದೆ. ಅಂದಿನಿಂದ ಯಾರಾದರೂ ಪಕ್ಕದಲ್ಲಿ ಹಾದುಹೋದರೂ ಕೈ ತಾನಾಗಿ ಹೊಟ್ಟೆಗೆ ಅಡ್ಡ ಬರತೊಡಗಿತು, ಶಸ್ತ್ರಚಿಕಿತ್ಸೆಯನ್ನೂ ಮುಂದೂಡಬೇಕಾಯಿತು.

ಒಂದೇ ದಿನದ ಚಿಕಿತ್ಸೆ ಎಂಬುದು ಪೂರ್ತಿ ಸುಳ್ಳೇನಲ್ಲ, ಜನ ನಂಬುವುದೂ ಅದಕ್ಕೇ. ಸ್ವೀಡನ್ನಿನ ಮನಶ್ಶಾಸ್ತ್ರಜ್ಞ ಲಾರ್ಸ್-ಯೋರಾನ್ ಓಸ್ಟ್ ಅವರು 1989ರಲ್ಲಿ ವಿವರಿಸಿದ, ಹೆದರುವ ಸಂಗತಿಯನ್ನೇ ಹಂತಹಂತವಾಗಿ ಎದುರಿಸುವ, ಹೆಚ್ಚೆಂದರೆ 3 ಗಂಟೆಯ ಒಂದೇ ಭೇಟಿಯ ವಿಧಾನವೊಂದಿದೆ. ಆದರೆ ಅಲ್ಲಿ ಹೇಳದೆ ಕೇಳದೆ ಏನನ್ನೂ ಮಾಡುವಂತಿಲ್ಲ. ಪ್ರತಿ ಹಂತಕ್ಕೂ ರೋಗಿಯ ಒಪ್ಪಿಗೆ ಪಡೆದು, ಭಯ ಇಳಿಯುವವರೆಗೆ ಅಲ್ಲೇ ನಿಂತು, ಆಮೇಲಷ್ಟೇ ಮುಂದಕ್ಕೆ ಹೋಗುತ್ತಾರೆ. ಬಲವಂತಕ್ಕೆ ಸಿಕ್ಕಿ, ಭಯ ಉತ್ತುಂಗದಲ್ಲಿರುವಾಗಲೇ ಬಿಡಿಸಿಕೊಂಡು ಓಡುವಂತಾದರೆ ಅದು ಇನ್ನಷ್ಟು ಬೇರೂರುವ ಸಂಭವವೇ ಹೆಚ್ಚು.

ಆದ್ದರಿಂದ ಹಣ ಕಟ್ಟುವ ಮುನ್ನ ಅವರು ಮನೋವೈದ್ಯರೋ, ಭಾರತೀಯ ಪುನರ್ವಸತಿ ಪರಿಷತ್ತಿನಲ್ಲಿ ನೋಂದಾಯಿತ ಚಿಕಿತ್ಸಾ ಮನಶ್ಶಾಸ್ತ್ರಜ್ಞರೋ ಎಂದು ಕೇಳಿ. ಮೊದಲ ದಿನ ಏನು ಮಾಡುತ್ತೀರಿ, ನಿಲ್ಲಿಸಿ ಎಂದರೆ ನಿಲ್ಲಿಸುತ್ತೀರಾ ಎಂದೂ ಕೇಳಿ. ಯಾರನ್ನು ಕಾಣಬೇಕೆಂದು ತಿಳಿಯದಿದ್ದರೆ ಸರ್ಕಾರದ ಟೆಲಿ-ಮಾನಸ್ ಸಹಾಯವಾಣಿ 14416ಕ್ಕೆ ಉಚಿತವಾಗಿ ಕರೆಮಾಡಿ ಕನ್ನಡದಲ್ಲೇ ಮಾತನಾಡಬಹುದು.

ನಾನೀಗ ಕಾಣುತ್ತಿರುವ ಮನಶ್ಶಾಸ್ತ್ರಜ್ಞೆ ಕಾಗದದ ಮೇಲೆ ಹೊಕ್ಕುಳಿನ ಚಿತ್ರ ಬರೆಸುವುದರಿಂದ ಆರಂಭಿಸಿದರು. ಸದ್ಯ ದಪ್ಪ ಬಟ್ಟೆಯ ಮೇಲಿಂದ ನನ್ನದೇ ಬೆರಳನ್ನು ಇಟ್ಟುಕೊಳ್ಳುವವರೆಗೆ ಬಂದಿದ್ದೇನೆ. ಶಸ್ತ್ರಚಿಕಿತ್ಸಕರಿಗೂ ವಿಷಯ ತಿಳಿಸಿದ್ದು, ಅರಿವಳಿಕೆ ಕೊಟ್ಟ ಮೇಲೆಯೇ ಆ ಜಾಗವನ್ನು ಶುಚಿಗೊಳಿಸಲು ಅವರು ಒಪ್ಪಿದ್ದಾರೆ.