ಹೆದ್ದಾರಿ ಪರಿಹಾರ: ಪಹಣಿಯಲ್ಲಿ ಒಟ್ಟು ಹೆಸರಿರುವವರು ಓದಿ

ನಿಮ್ಮ ಊರಿನ ಪಕ್ಕ ಹೆದ್ದಾರಿ ಅಗಲೀಕರಣದ ಮಾತು ಎದ್ದಿದೆಯೇ? ಪಹಣಿಯಲ್ಲಿ ಅಣ್ಣತಮ್ಮಂದಿರ ಹೆಸರು ಇನ್ನೂ ಒಟ್ಟಿಗೇ ಇದೆಯೇ? ಹಾಗಿದ್ದರೆ ನಮ್ಮ ಮನೆಯಲ್ಲಿ ಆದದ್ದನ್ನು ಒಮ್ಮೆ ಕೇಳಿ.

ನಮ್ಮದು ತೆಂಗಿನ ಸೀಮೆ. ತಾತನ ಮೂರು ಎಕರೆ ತೋಟವನ್ನು 1991ರಲ್ಲಿ ಊರ ಹಿರಿಯರು ಜಗಲಿಯ ಮೇಲೆ ಕುಳಿತು ಮೂರು ಪಾಲು ಮಾಡಿದರು. ಬಿಳಿ ಹಾಳೆಯ ಮೇಲೆ ಪಾಲುಪಟ್ಟಿ, ಕೆಳಗೆ ಐದು ಸಹಿ, ಎರಡು ಹೆಬ್ಬೆಟ್ಟು. ರಸ್ತೆ ಬದಿಯ ಎಕರೆ ದನ ನುಗ್ಗುವ, ಕಾಯಿ ಕಳುವಾಗುವ ಜಾಗವೆಂದು ದೊಡ್ಡಪ್ಪ ಬೇಡವೆಂದರು. ಅದು ಅಪ್ಪನ ಪಾಲಿಗೆ ಬಂತು. ನಡುವಿನದು ದೊಡ್ಡಪ್ಪನಿಗೆ, ಹಳ್ಳದ ಕಡೆಯದು ಚಿಕ್ಕಪ್ಪನಿಗೆ. ನೋಂದಣಿ ಮಾಡಿಸಲಿಲ್ಲ, ಪೋಡಿ (ಅಳತೆ ಮಾಡಿ ಪಾಲಿಗೊಂದು ಸರ್ವೆ ಭಾಗ ಬೇರೆ ಮಾಡುವುದು) ಆಗಲಿಲ್ಲ. ಸರ್ವೆ ನಂಬರ್ ಒಂದೇ ಉಳಿಯಿತು. ಪಹಣಿಯ ಒಂಬತ್ತನೇ ಕಾಲಂನಲ್ಲಿ ಮೂವರ ಹೆಸರು ಒಂದರ ಕೆಳಗೊಂದು. ಅಪ್ಪ ತೀರಿಕೊಂಡ ಮೇಲೆ ಪೌತಿ ಖಾತೆಯನ್ನೂ, ಅಂದರೆ ವಾರಸುದಾರರ ಹೆಸರಿಗೆ ಖಾತೆ ಬದಲಾವಣೆಯನ್ನೂ, ಮಾಡಿಸಲಿಲ್ಲ. ಬದುವಿನ ಕಲ್ಲು ಎಲ್ಲಿದೆಯೆಂದು ಇಡೀ ಊರಿಗೇ ಗೊತ್ತಿರುವಾಗ ಕಚೇರಿಗೆ ಅಲೆಯುವುದು ಯಾಕೆ ಎಂಬ ಸೋಮಾರಿತನ, ಅಷ್ಟೇ.

ಆಮೇಲೆ ಹೆದ್ದಾರಿಯ ಅಧಿಸೂಚನೆ ಬಂತು. ರಾಷ್ಟ್ರೀಯ ಹೆದ್ದಾರಿ ಕಾಯ್ದೆ 1956ರದು. ಅದರ ಕಲಂ 3ಎ ಅಧಿಸೂಚನೆ ಪ್ರಕಟವಾದ 21 ದಿನಗಳೊಳಗೆ ಆಕ್ಷೇಪಣೆ ಸಲ್ಲಿಸಬಹುದು. ನಾವು ಗಡಿಬಿಡಿಯಲ್ಲಿ ಒಂದು ಅರ್ಜಿ ಕೊಟ್ಟು, ‘ಈ ಭಾಗ ನಮ್ಮದು ಎಂದು ಬರೆದುಕೊಟ್ಟಿದ್ದೇವೆ’ ಎಂದು ನೆಮ್ಮದಿಯಾಗಿದ್ದೆವು. ಆ ಆಕ್ಷೇಪಣೆ ಇರುವುದು ಜಮೀನನ್ನು ರಸ್ತೆಗೆ ಬಳಸುವುದರ ಬಗ್ಗೆ. ಹಣ ಯಾರಿಗೆ ಸಲ್ಲಬೇಕು ಎಂದು ಹೇಳಿಕೊಳ್ಳಲು ಅದೇ ಕಾಯ್ದೆಯ ಕಲಂ 3ಜಿ ಅಡಿಯಲ್ಲಿ ಬೇರೆಯೇ ಪ್ರಕಟಣೆ ಬರುತ್ತದೆ. ಎರಡು ಸ್ಥಳೀಯ ಪತ್ರಿಕೆಗಳಲ್ಲಿ, ಒಂದು ಪ್ರಾದೇಶಿಕ ಭಾಷೆಯದು. ಸಣ್ಣ ಅಕ್ಷರಗಳ ಸರ್ವೆ ನಂಬರುಗಳ ಆ ಪುಟವನ್ನು ನಮ್ಮ ಮನೆಯಲ್ಲಿ ಯಾರೂ ಓದಲಿಲ್ಲ.

ಜಂಟಿ ಅಳತೆಗೆ ಬಂದವರಿಗೆ ಅಮ್ಮನೇ ಮಜ್ಜಿಗೆ ಕೊಟ್ಟರು. ಅಪ್ಪ ನೆಟ್ಟ ತೆಂಗಿನ ಮರಗಳನ್ನು ಒಂದೊಂದಾಗಿ ಎಣಿಸಿ ಬರೆದುಕೊಂಡು ಹೋದರು. ನಮ್ಮ ಎಕರೆಯಲ್ಲಿ 37 ಗುಂಟೆ ರಸ್ತೆಗೆ. ಮೂಲೆಯಲ್ಲಿ ಮೂರು ಗುಂಟೆ ಉಳಿಯಿತು. ದೊಡ್ಡಪ್ಪನ, ಚಿಕ್ಕಪ್ಪನ ಭಾಗದ ಒಂದು ಗರಿಯೂ ಅಲುಗಲಿಲ್ಲ. ಐತೀರ್ಪಿನಲ್ಲಿ (ಪರಿಹಾರ ನಿಗದಿಮಾಡುವ ಆದೇಶ) ಮಾತ್ರ ಮೂವರ ಹೆಸರೂ ಇತ್ತು, ಅಪ್ಪ ಬದುಕಿರುವವರಂತೆ.

ದೊಡ್ಡಪ್ಪ ಬ್ಯಾಂಕ್ ಪಾಸ್‌ಬುಕ್ಕಿನ ಪ್ರತಿ ಕೊಟ್ಟು ಮೂರನೇ ಒಂದು ಪಾಲು ಪಡೆದುಕೊಂಡರು. ನಮಗೆ ತಿಳಿದದ್ದು ಅವರ ಮನೆಗೆ ಹೊಸ ಟ್ರ್ಯಾಕ್ಟರ್ ಬಂದಾಗ. ಅಮ್ಮ ಹೋಗಿ, “ಭಾವ, ಅದು ನಿಮ್ಮ ತಮ್ಮ ನೀರು ಹೊತ್ತು ಬೆಳೆಸಿದ ತೋಟ” ಎಂದರು. “ಪಹಣಿ ತೆಗೆದು ನೋಡಮ್ಮ, ನನ್ನ ಹೆಸರಿಲ್ಲವೇ?” ಎಂದರು ಅವರು. ಹೆಸರಿತ್ತು. ಸಿಟ್ಟು ಬರುವುದು ಅವರ ಮೇಲಷ್ಟೇ ಅಲ್ಲ.

ಆಗ ತಕರಾರು ಅರ್ಜಿ ಕೊಟ್ಟೆವು. ಉಳಿದ ಹಣ ತಡೆಯಾಯಿತು. ಅರ್ಜಿಯ ಜೊತೆ ವಂಶವೃಕ್ಷ ಕೇಳಿದರು. ಮಾಡಿಸಿದಾಗ ಸೋದರತ್ತೆಯ ಹೆಸರು ಬಂತು. ಪಾಲುಪಟ್ಟಿಯಲ್ಲಿ ಅವರ ಸಹಿಯೇ ಇರಲಿಲ್ಲ, ಅಂದು ಯಾರೂ ಅವರನ್ನು ಕರೆದಿರಲಿಲ್ಲ. ಹಿಂದೂ ಉತ್ತರಾಧಿಕಾರ ಕಾಯ್ದೆಯ 2005ರ ತಿದ್ದುಪಡಿಯ ನಂತರ ಪಿತ್ರಾರ್ಜಿತ ಆಸ್ತಿಯಲ್ಲಿ ಹೆಣ್ಣುಮಕ್ಕಳಿಗೂ ಹುಟ್ಟಿನಿಂದಲೇ ಹಕ್ಕು. 2020ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಇನ್ನಷ್ಟು ಸ್ಪಷ್ಟಪಡಿಸಿತು. ಹಳೆಯ ವಿಭಾಗ ನಿಲ್ಲಬೇಕಾದರೆ 2004ರ ಡಿಸೆಂಬರ್ 20ಕ್ಕೆ ಮೊದಲೇ ನೋಂದಣಿಯಾದ ಪತ್ರವೋ ನ್ಯಾಯಾಲಯದ ಡಿಕ್ರಿಯೋ ಆಗಿರಬೇಕು; ಬಾಯಿಮಾತಿನ ವಿಭಾಗವನ್ನು ಒಪ್ಪುವುದು ಗಟ್ಟಿ ಸರ್ಕಾರಿ ದಾಖಲೆಗಳ ಆಧಾರವಿದ್ದರೆ ಮಾತ್ರ, ಅದೂ ಅಪರೂಪಕ್ಕೆ. ನಮ್ಮ ಬಿಳಿ ಹಾಳೆ ಎಷ್ಟು ತೂಗುತ್ತದೆ ಎಂದು ವಕೀಲರು ಮುಖದಲ್ಲೇ ಹೇಳಿದರು. ಅತ್ತೆ ತಮ್ಮ ಪಾಲು ಕೇಳಿದ್ದು ತಪ್ಪು ಎಂದು ನಾನು ಹೇಳುವುದಿಲ್ಲ. ನಮ್ಮ ಪಾಲಿಗೆ ಅದೂ ಒಂದು ಏಟೇ ಆಯಿತು.

ಈ ನಡುವೆ ಬ್ಯಾಗ್ ಹಿಡಿದ ಒಬ್ಬ ಮಧ್ಯವರ್ತಿ ಮನೆಗೆ ಬಂದ. ಶೇಕಡಾ ಹತ್ತು ಕೊಟ್ಟರೆ ಮೂರು ತಿಂಗಳಲ್ಲಿ ಹಣ ಬಿಡಿಸುತ್ತೇನೆ ಎಂದ, ಖಾಲಿ ಛಾಪಾ ಕಾಗದಕ್ಕೆ ಸಹಿ ಕೇಳಿದ. ಅಮ್ಮ ಎದ್ದು ಬಾಗಿಲು ತೋರಿಸಿದರು. ಅವನನ್ನು ಬಿಟ್ಟೆವು, ಆದರೆ ಸಂತೆಯಲ್ಲಿ ಸಿಕ್ಕ ಸಲಹೆಯನ್ನು ಬಿಡಲಿಲ್ಲ: ‘ಜಿಲ್ಲಾಧಿಕಾರಿಯವರ ಮುಂದೆ ಆರ್ಬಿಟ್ರೇಷನ್ (ಮಧ್ಯಸ್ಥಿಕೆ) ಹಾಕಿ.’ ಹಾಕಿದೆವು. ಒಂದು ವರ್ಷ ಅಲೆದೆವು. ಮಧ್ಯಸ್ಥಿಕೆ ಇರುವುದು ಪರಿಹಾರದ ಮೊತ್ತ ಕಡಿಮೆಯಾಯಿತು ಎನ್ನುವವರಿಗೆ. ಹಣ ಯಾರದು, ಯಾರಿಗೆ ಎಷ್ಟು ಎಂಬ ಜಗಳವನ್ನು ಸಕ್ಷಮ ಪ್ರಾಧಿಕಾರವು (ಭೂಸ್ವಾಧೀನ ನಡೆಸುವ ಅಧಿಕಾರಿ) ಹೆದ್ದಾರಿ ಕಾಯ್ದೆಯ ಕಲಂ 3ಎಚ್‌ನ ನಾಲ್ಕನೇ ಉಪಕಲಂ ಅಡಿಯಲ್ಲಿ ಸಿವಿಲ್ ನ್ಯಾಯಾಲಯಕ್ಕೆ ಕಳುಹಿಸಬೇಕು. ಉತ್ತರ ಪ್ರದೇಶದ ಮವೂ ಜಿಲ್ಲೆಯ ಪ್ರಕರಣವೊಂದರಲ್ಲಿ 2023ರ ಜುಲೈಯಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಹೇಳಿದೆ. ನಿಮ್ಮದು ಪಾಲಿನ ತಕರಾರಾಗಿದ್ದರೆ ಮೊದಲ ಅರ್ಜಿಯಲ್ಲೇ ಈ ಕಲಂ ಹೆಸರಿಸಿ, ನ್ಯಾಯಾಲಯಕ್ಕೆ ಕಳುಹಿಸುವವರೆಗೆ ಯಾರಿಗೂ ಹಣ ಬಿಡುಗಡೆ ಮಾಡಬಾರದೆಂದು ಬರೆದು, ಸ್ವೀಕೃತಿ ಮೊಹರು ಹಾಕಿಸಿಕೊಳ್ಳಿ. ಹಣ ಒಬ್ಬರ ಖಾತೆಗೆ ಹೋದ ಮೇಲೆ ಉಳಿಯುವುದು ವಸೂಲಿ ದಾವೆ, ಅದಕ್ಕೆ ನ್ಯಾಯಾಲಯ ಶುಲ್ಕ, ಮತ್ತು ಎದುರು ಕಟಕಟೆಯಲ್ಲಿ ಸ್ವಂತ ದೊಡ್ಡಪ್ಪ.

ಅಧಿಸೂಚನೆ ಇನ್ನೂ ಬಂದಿಲ್ಲ ಎನ್ನುವವರು ಪೌತಿ ಖಾತೆಯಿಂದ ಶುರುಮಾಡಿ, ಹೆಣ್ಣುಮಕ್ಕಳನ್ನೂ ಸೇರಿಸಿ ವಿಭಾಗ ಪತ್ರ ನೋಂದಣಿ ಮಾಡಿಸಿ, ಆಮೇಲೆ ಪೋಡಿಗೆ ಅರ್ಜಿ ಹಾಕಿ. ಖರ್ಚಾಗುತ್ತದೆ, ಹಬ್ಬಕ್ಕೆ ಮುನಿಸೂ ಬರಬಹುದು. ಐತೀರ್ಪಿನ ಪ್ರತಿ ಕೈಗೆ ಸಿಕ್ಕಾಗ ವಿಸ್ತೀರ್ಣ, ಹೆಸರು, ಮರಗಳ ಲೆಕ್ಕ ಮೂರನ್ನೂ ಅಂದೇ ಹೋಲಿಸಿ.

ನಮ್ಮ ಹಣ ಈಗ ನ್ಯಾಯಾಲಯದಲ್ಲಿದೆ. ತೋಟವಿದ್ದ ಜಾಗದ ಮೇಲೆ ಲಾರಿಗಳು ಓಡುತ್ತಿವೆ. ಕಳೆದ ತಿಂಗಳು ದೊಡ್ಡಪ್ಪನ ಮಗ ಫೋನ್ ಮಾಡಿದ್ದ. ಅವರ ಭಾಗ ಈಗ ಹೆದ್ದಾರಿಗೆ ಮುಖಮಾಡಿದೆ, ಪೆಟ್ರೋಲ್ ಬಂಕಿಗೆ ಕೇಳುತ್ತಿದ್ದಾರಂತೆ. ಪೋಡಿ ಆಗಬೇಕಾದರೆ ಅಮ್ಮನ ಸಹಿ ಬೇಕು. ಯಾವಾಗ ಬರಲಿ ಎಂದು ಕೇಳಿದ.